ಹದಿನೆಂಟೇ ಮಂದಿ

22 ಫೆಬ್ರವರಿ 1999, ಸೋಮವಾರ, ತೆಲಿಗಿ

ಅಕ್ಕನ ಮನೆಗೆ ಬಂದು ಮೂರು ದಿನವಾಯಿತು. ಮನಸ್ಸು ಬಿಚ್ಚಿ ಮಾತಾಡುವಂಥವರು ಇಲ್ಲಿ ಯಾರೂ ಇಲ್ಲ. ಗೊಬ್ಬರದ ಅಂಗಡಿಯವರು ಹೊಸ ವರ್ಷಕ್ಕೆ ಕೊಟ್ಟಿದ್ದ ಈ ಡೈರಿ ಚೀಲದಲ್ಲಿತ್ತು. ಬರೆದರಾದರೂ ತಲೆ ಹಗುರಾದೀತು.

ಕೊಟ್ಟೂರಿನಲ್ಲಿ ಜಂಬಣ್ಣನವರ ಶೇಂಗಾ ಮಿಲ್ಲಿಗೆ ಆಳು ಒದಗಿಸುವ ಗುತ್ತಿಗೆ ನನ್ನದು. ಒಂಬತ್ತು ವರ್ಷವಾಯಿತು. ಕಾಯಿ ಒಡೆಸುವುದು, ಬೀಜ ಆರಿಸುವುದು, ಚೀಲ ತುಂಬಿ ಹೊಲಿಯುವುದು, ಎಲ್ಲ ನನ್ನ ಆಳುಗಳದೇ. ಮಿಲ್ಲಿನವರು ನನಗೆ ಕೊಡುತ್ತಾರೆ, ನಾನು ಆಳುಗಳಿಗೆ ಕೊಡುತ್ತೇನೆ. ವಾರಕ್ಕೊಮ್ಮೆ ಸಂತೆ ಖರ್ಚಿಗೆ ಒಂದಿಷ್ಟು, ಉಳಿದದ್ದು ಹಂಗಾಮು ಮುಗಿದ ಮೇಲೆ. ಎಲ್ಲ ಮೇಸ್ತ್ರಿಗಳೂ ಹೀಗೇ ಮಾಡುತ್ತಾರೆ. ಆ ಉಳಿದ ಹಣ ಸುಮ್ಮನೆ ಪೆಟ್ಟಿಗೆಯಲ್ಲಿ ಏಕಿರಬೇಕೆಂದು ದಾವಣಗೆರೆಯ ಒಂದು ಫೈನಾನ್ಸಿನಲ್ಲಿ ಇಡುತ್ತಿದ್ದೆ. ಎರಡು ವರ್ಷ ಬಡ್ಡಿ ಸರಿಯಾಗಿ ಬಂತು. ಈ ಸಲ ಬಿಡಿಸಿಕೊಳ್ಳಲು ಹೋದರೆ ಬಾಗಿಲಿಗೆ ಬೀಗ. ಬೋರ್ಡನ್ನೂ ಕಿತ್ತುಕೊಂಡು ಹೋಗಿದ್ದರು. ಬೀದಿ ತುಂಬ ನನ್ನಂಥವರೇ ನಿಂತಿದ್ದರು.

ಇದರಲ್ಲಿ ನನ್ನ ತಪ್ಪೇನು? ನಾನೂ ಮೋಸ ಹೋದವನೇ. ಆಳುಗಳಿಗೆ ಇದೆಲ್ಲ ತಿಳಿಯುವುದಿಲ್ಲ. ಸ್ವಲ್ಪ ದಿನ ಕಣ್ಣಿಗೆ ಬೀಳದಿದ್ದರೆ ತಣ್ಣಗಾಗುತ್ತಾರೆ. ಹೆಂಡತಿ ಗಂಗಾಂಬಿಕಾಗೆ ದಾವಣಗೆರೆಗೆ ವಸೂಲಿಗೆ ಹೋಗುತ್ತೇನೆಂದು ಹೇಳಿ ಹೊರಟವನು ಹರಪನಹಳ್ಳಿಯಲ್ಲಿ ಇಳಿದು ತೆಲಿಗಿ ಬಸ್ಸು ಹತ್ತಿದೆ.

25 ಫೆಬ್ರವರಿ

ಅಕ್ಕ ನೀಲಗಂಗಮ್ಮನದು ಬಸ್ಸು ನಿಲ್ಲುವ ಕಡೆ ಮಂಡಕ್ಕಿ, ಮೆಣಸಿನಕಾಯಿ ಬಜ್ಜಿಯ ಅಂಗಡಿ. ಹಿಂದೆಯೇ ಮನೆ. ಇಂದು ಕೊಟ್ಟೂರಿನವರು ಯಾರೋ ಇಳಿದ ಹಾಗೆ ಕಂಡಿತು. ಒಳಗೆ ಓಡಿ ಹಿಟ್ಟಿನ ಡಬ್ಬಿಗಳ ಹಿಂದೆ ಕುಕ್ಕರಗಾಲಲ್ಲಿ ಕೂತೆ. ಶಾಲೆಗೆ ಹೋಗುವ ಮಗಳಿರುವವನು ನಾನು. ಅಕ್ಕ ನೋಡಿ ಬಾಣಲೆಯ ಕಡೆ ತಿರುಗಿದಳು. ಬೈದಿದ್ದರೆ ಚೆನ್ನಾಗಿತ್ತು.

4 ಮಾರ್ಚ್

ಎಸ್‌ಟಿಡಿ ಬೂತಿನಿಂದ ನಮ್ಮ ಎದುರುಮನೆಗೆ ಫೋನು ಮಾಡಿ ಗಂಗಾಳನ್ನು ಕರೆಸಿದೆ.

"ಎಲ್ಲಿ ಅದೀರಿ?"

"ದಾವಣಗೆರಿಯಾಗ."

"ಸುಳ್ಳು ಹೇಳಬ್ಯಾಡ್ರಿ. ಅಲ್ಲಿದ್ರ ನೀವು ಇಷ್ಟು ಮೆತ್ತಗ ಮಾತಾಡ್ತಿದ್ದಿಲ್ಲ."

ಮಿಲ್ಲಿನ ಹೆಂಗಸರು ದಿನಾ ಬೆಳಿಗ್ಗೆ ಬಂದು ನಮ್ಮ ಕಟ್ಟೆಯ ಮೇಲೆ ಕೂಡುತ್ತಾರಂತೆ. ಕೂಗಾಡುವುದಿಲ್ಲ, ಬೈಯುವುದಿಲ್ಲ, ಸುಮ್ಮನೆ ಕೂಡುತ್ತಾರೆ. ಎರಡು ದಿನ ಗಂಗಾ ಬಾಗಿಲು ತೆಗೆಯಲಿಲ್ಲವಂತೆ. ಮೂರನೆಯ ದಿನ ಮಗಳನ್ನು ಶಾಲೆಗೆ ಕಳಿಸಲೇಬೇಕಾಗಿ ತೆಗೆದರೆ, ಎಲ್ಲರೂ ಸರಿದು ಹುಡುಗಿಗೆ ದಾರಿ ಬಿಟ್ಟರಂತೆ.

"ಗುಲ್ಜಾರ್ ಬೀ ನೀರು ಕೇಳಿದ್ಲು. ಕೊಟ್ಟೆ. ಅಕಿ ಮುಖ ನೋಡಾಕ ಆಗಲಿಲ್ಲ ನನಗ."

ಫೋನು ಇಟ್ಟ ಮೇಲೆ ಸಿಟ್ಟು ಬಂತು. ಇವರು ನನ್ನ ಮನೆಗೇ ಏಕೆ ಬರಬೇಕು? ದುಡಿದದ್ದು ಮಿಲ್ಲಿನಲ್ಲಿ. ಮಿಲ್ಲಿನ ಗೇಟಿಗೆ ಹೋಗಿ ಕೂಡಬಾರದೇ? ಬಕ್ರೀದಿಗೆ ಮೊದಲು ಎಲ್ಲ ಕೊಟ್ಟುಬಿಡುತ್ತೇನೆಂದು ಗುಲ್ಜಾರ್ ಬೀಗೆ ನಾನೇ ಹೇಳಿದ್ದೆ. ಅದು ಬೇರೆ ಮಾತು.

11 ಮಾರ್ಚ್

"ಲೇ ಸಿದ್ದ, ಕುಂತು ತಿನ್ನೂದಾತು. ಇವನ್ನಷ್ಟು ಸೀಳು" ಎಂದು ಅಕ್ಕ ಒಂದು ಮೊರ ಮೆಣಸಿನಕಾಯಿ ಮುಂದಿಟ್ಟಳು. ಸೀಳುತ್ತ ಸೀಳುತ್ತ ಎಲ್ಲ ಹೇಳಿಬಿಟ್ಟೆ. ಕಣ್ಣು ಒರೆಸಿಕೊಂಡದ್ದಕ್ಕೆ ಖಾರ ಹತ್ತಿ ಇನ್ನಷ್ಟು ನೀರು ಬಂತು. ಅಳುತ್ತಿದ್ದೇನೆಂದು ಅವಳು ತಿಳಿದಳೋ ಏನೋ.

ಭಾವ ತೀರಿದ ವರ್ಷ ಅಕ್ಕ ಹರಪನಹಳ್ಳಿಯ ಒಂದು ಹೋಟೆಲಿನಲ್ಲಿ ರೊಟ್ಟಿ ಬಡಿಯುತ್ತಿದ್ದಳು. ಆ ಮಾಲೀಕ ಪಗಾರ ಕೊಡದೆ ಸತಾಯಿಸುತ್ತಿದ್ದ. ನಾನಾಗ ಕಾಲೇಜಿನಲ್ಲಿದ್ದೆ.

"ಅವತ್ತು ಅವನ ಕೊರಳಪಟ್ಟಿ ಹಿಡಿದಿದ್ದಿ ನೀನು, ನೆನಪೈತೇನು? ಹೋಟ್ಲಾಗಿನ ಮಂದಿಯೆಲ್ಲ ಎದ್ದು ನಿಂತಿದ್ರು. ನನ್ನ ತಮ್ಮ ಅದಾನ ಅಂತ ಎಷ್ಟು ಧೈರ್ಯ ಬಂದಿತ್ತು ನನಗ."

ಅಷ್ಟೇ ಹೇಳಿ ಹಿಟ್ಟು ಕಲಸಲು ಎದ್ದಳು.

ನೆನಪಿದೆ. ಆ ಮನುಷ್ಯನೂ ತನಗೆ ಯಾರೋ ಕೊಡಬೇಕಿತ್ತು, ಅದು ಬಂದಿಲ್ಲ ಎಂದೇ ಹೇಳುತ್ತಿದ್ದ. ನಾನು ಕೇಳಿಸಿಕೊಂಡಿರಲಿಲ್ಲ.

15 ಮಾರ್ಚ್

ಮಧ್ಯಾಹ್ನದ ಬಸ್ಸಿನಿಂದ ಗಂಗಾ ಇಳಿದಳು. ಅಕ್ಕನೇ ಹೇಳಿ ಕಳಿಸಿರಬೇಕು. ಮಗಳನ್ನು ಯಾರ ಹತ್ತಿರ ಬಿಟ್ಟು ಬಂದೆ ಎಂದರೆ, "ಗುಲ್ಜಾರ್ ಬೀ ಹತ್ರ. ಕೆಮ್ಮು ಆಗೇತಿ ಅದಕ" ಎಂದಳು.

ಕಟ್ಟೆಯ ಮೇಲೆ ಕೂಡುವವರಲ್ಲಿ ಗುಲ್ಜಾರ್ ಬೀ, ಹುಲುಗಮ್ಮ ಇಬ್ಬರೂ ಲೇಬರ್ ಆಫೀಸಿಗೆ ಹೋಗಿ ದೂರು ಕೊಟ್ಟಿದ್ದಾರಂತೆ. ಇನ್‌ಸ್ಪೆಕ್ಟರು ಶೈಲಾ ಎಂಬ ಹೆಣ್ಣುಮಗಳು. ಅವರು ಹೇಳಿದ್ದನ್ನು ಗಂಗಾ ಬಾಯಿಪಾಠ ಮಾಡಿಕೊಂಡು ಬಂದವಳ ಹಾಗೆ ಹೇಳಿದಳು.

"ಮೇಸ್ತ್ರಿ ಕೊಡಲಿಲ್ಲ ಅಂದ್ರ ಮಿಲ್ಲಿನ ಮಾಲಕರೇ ಕೊಡಬೇಕಂತ. ಆಮ್ಯಾಲೆ ಬೇಕಾದ್ರ ಅವರು ಮೇಸ್ತ್ರಿ ಕಡಿಂದ ವಸೂಲು ಮಾಡ್ಕೋಬೇಕಂತ. ಕಾನೂನೇ ಹಂಗೈತಂತ."

"ಸಾವ್ಕಾರ್ರು ನನಗ ಕೊಟ್ಟಾರಲ್ಲ, ಪೂರ್ತಿ ಕೊಟ್ಟಾರ."

"ನಿಮಗ ಕೊಟ್ರ ಅವರಿಗೆ ಮುಟ್ಟಿದಂಗಲ್ಲಂತ. ನೀವು ಪಗಾರ ಹಂಚೂವಾಗ ಮಿಲ್ಲಿನವರೊಬ್ಬರು ಎದುರಿಗೆ ಇರಬೇಕಿತ್ತಂತ. ಇರ್ತಿದ್ರೇನು?"

ಒಂದು ದಿನವೂ ಇರಲಿಲ್ಲ. ಇರಬೇಕೆಂದು ನನಗೂ ಗೊತ್ತಿರಲಿಲ್ಲ.

"ಆದ್ರ ಇಪ್ಪತ್ತು ಮಂದಿಗಿಂತ ಕಡಿಮಿ ಇದ್ರ ಈ ಕಾನೂನು ನಡಿಯಂಗಿಲ್ಲಂತ. ಮಿಲ್ಲಿನವರು ಹದಿನೆಂಟೇ ಮಂದಿ ಇದ್ರು ಅನ್ನಾಕತ್ತಾರ. ನೀವು ಬಂದು ಇಪ್ಪತ್ಮೂರು ಮಂದಿ ಅಂತ ಹೇಳ್ರಿ. ಅಷ್ಟೇ ಬೇಕಾಗಿರೋದು."

ಅಷ್ಟೇ ಅಂತೆ. ಸೈಕಲ್ಲಿನ ಮೇಲೆ ತಿರುಗುತ್ತಿದ್ದ ನನ್ನನ್ನು ಕರೆದು ಕೂಡಿಸಿ ಗುತ್ತಿಗೆ ಕೊಟ್ಟವರು ಜಂಬಣ್ಣನವರು. ಒಮ್ಮೆಯೂ ಲೆಕ್ಕ ಕೇಳಿದವರಲ್ಲ. ನನ್ನ ಬಾಯಿಂದಲೇ ಅವರು ಎರಡನೆಯ ಸಲ ಕೊಡುವ ಹಾಗೆ ಮಾಡಬೇಕೇ? ಅದೂ ಆ ಹೆಂಗಸರೆಲ್ಲರ ಎದುರು ನಿಂತು?

"ಅವರ ಮುಂದ ನಿಂದ್ರಾಕ ಆಗಂಗಿಲ್ಲ ಗಂಗಾ."

"ನಾನು ದಿನಾ ನಿಂತೇನಿ" ಎಂದಳು. ಚಹಾ ಕುಡಿಯದೆ ಅದೇ ಬಸ್ಸು ತಿರುಗಿ ಬಂದಾಗ ಹತ್ತಿ ಹೋದಳು.

18 ಮಾರ್ಚ್

ಯುಗಾದಿ. ಅಕ್ಕ ಎಣ್ಣೆ ಹಚ್ಚಿ ನೀರು ಹಾಕಿದಳು. ಹೊರಗೆ ಹೋಗಲಿಲ್ಲ.

20 ಮಾರ್ಚ್

ಜಂಬಣ್ಣನವರ ಮಗ ಪ್ರವೀಣಕುಮಾರ್ ನಿನ್ನೆ ಮೋಟಾರ್ ಸೈಕಲ್ ಮೇಲೆ ಬಂದ. ನಾನಿಲ್ಲಿರುವುದು ಹೇಗೆ ತಿಳಿಯಿತೋ. ಅಡಗಲು ಸಮಯ ಸಿಗಲಿಲ್ಲ. ಹೊಡೆಯುತ್ತಾನೆ ಎಂದುಕೊಂಡೆ. ಅವನು ಮೆಣಸಿನಕಾಯಿ ಹಾಕಿಸಿಕೊಂಡು ತಿಂದು, ಕೈ ಒರೆಸಿಕೊಂಡು, ಮೆಲ್ಲಗೆ ಮಾತು ತೆಗೆದ.

"ಆಗಿದ್ದು ಆಗಿಹೋತು ಸಿದ್ದಣ್ಣ. ಬರೋ ಬುಧವಾರ ಬಿಟ್ಟು ಮುಂದಿನ ಬುಧವಾರ ಇನ್‌ಸ್ಪೆಕ್ಟ್ರು ಮಿಲ್ಲಿಗೆ ಬರ್ತಾರ. ನೀವು ಬರ್ರಿ, ಹದಿನೆಂಟೇ ಮಂದಿ ಅನ್ರಿ, ಸಾಕು. ನಿಮ್ಮ ಮ್ಯಾಲೆ ನಾವು ವಸೂಲಿಗೆ ಬರಂಗಿಲ್ಲ. ಬರೋ ಹಂಗಾಮಿನ ಗುತ್ತಿಗಿನೂ ನಿಮ್ಮದೇ."

"ಸಾವ್ಕಾರ್ರು ಹೇಳಿ ಕಳಿಸ್ಯಾರೇನು?"

"ಅಪ್ಪಾಜಿಗೆ ಇದು ಗೊತ್ತಿಲ್ಲ. ಗೊತ್ತಾಗೂದು ಬ್ಯಾಡ."

"ಆ ಹೆಂಗಸರಿಗೆ?"

"ಅಪ್ಪಾಜಿ ಕೈಲಾದಷ್ಟು ಏನರ ಕೊಡ್ತಾರ. ಧರ್ಮಕ್ಕ ಕೊಟ್ಟಂಗ ಕೊಟ್ರ ಬ್ಯಾರೆ, ಕೋರ್ಟು ಕಚೇರಿ ಅಂತ ಕೊಟ್ರ ಬ್ಯಾರೆ. ತಿಳೀತಿಲ್ಲೋ?"

ಹೂಂ ಅಂದೆ. ಅವನು ಕೈ ಕುಲುಕಿ ಹೋದ.

ಇದನ್ನು ಬರೆಯಲು ನಾಚಿಕೆಯಾಗುತ್ತದೆ: ಬಂದಾಗಿನಿಂದ ಸರಿಯಾಗಿ ಊಟ ಸೇರದವನು ನಿನ್ನೆ ಮೂರು ರೊಟ್ಟಿ ಉಂಡೆ. ಅಕ್ಕ ಖುಷಿಯಿಂದ ಇನ್ನೊಂದು ಹಾಕಿದಳು. ಅದನ್ನೂ ಉಂಡೆ.

27 ಮಾರ್ಚ್, ಕೊಟ್ಟೂರು

ಸಂಜೆ ಮನೆ ಮುಟ್ಟಿದೆ. ಕಟ್ಟೆಯ ಮೇಲೆ ಎಂಟೊಂಬತ್ತು ಜನರಿದ್ದರು. ಬೈಗುಳಕ್ಕೆ ಸಿದ್ಧನಾಗಿಯೇ ಬಂದಿದ್ದೆ. ಹುಲುಗಮ್ಮ ಎದ್ದು ಸೆರಗು ಕೊಡವಿಕೊಂಡಳು. ಬೀಜ ಆರಿಸುವ ಹೆಂಗಸರಲ್ಲೆಲ್ಲ ಹಿರಿಯಳು ಅವಳು, ನಾನು ಗುತ್ತಿಗೆ ಹಿಡಿಯುವ ಮೊದಲಿನಿಂದಲೂ ಮಿಲ್ಲಿನಲ್ಲಿದ್ದಾಳೆ.

"ಬಂದ್ರೇನ್ರಿ ಮೇಸ್ತ್ರಿ?"

"ಹೂಂ."

"ಬುಧವಾರ ಮಿಲ್ಲಿಗೆ ಬರ್ತೀರಿಲ್ಲೋ?"

"ಬರ್ತೀನಿ."

"ನೋಡ್ರವ್ವ, ಬರ್ತಾರಂತ" ಎಂದು ಉಳಿದವರಿಗೆ ಹೇಳಿದಳು. ಅಷ್ಟಕ್ಕೇ ಎಲ್ಲರೂ ಎದ್ದರು. ಗುಲ್ಜಾರ್ ಬೀ ಮಾತ್ರ ನಿಂತು, "ಹುಡುಗಿಗೆ ಕೆಮ್ಮು ಪೂರಾ ಹೋಗಿಲ್ರಿ. ಬಿಸಿನೀರೇ ಕೊಡ್ರಿ" ಎಂದಳು. ಬಕ್ರೀದಿನ ಮಾತು ಎತ್ತಲಿಲ್ಲ.

ಗಂಗಾ ಬಹಳ ದಿನದ ಮೇಲೆ ನಗುತ್ತ ತಾಟು ಇಟ್ಟಳು. ಪ್ರವೀಣನಿಗೆ ಮಾತು ಕೊಟ್ಟಿರುವುದು ಅವಳಿಗೆ ಗೊತ್ತಿಲ್ಲ. ಹೇಳಬೇಕೆಂದು ಎರಡು ಸಲ ಬಾಯಿ ತೆರೆದೆ.

31 ಮಾರ್ಚ್, ಬುಧವಾರ

ಆದದ್ದನ್ನು ಆದ ಹಾಗೆಯೇ ಬರೆಯುತ್ತೇನೆ.

ಮಿಲ್ಲಿನ ಆಫೀಸಿನ ಪಡಸಾಲೆಯಲ್ಲಿ ಇನ್‌ಸ್ಪೆಕ್ಟರಿಗೆ ಮೇಜು ಕುರ್ಚಿ ಹಾಕಿದ್ದರು. ಜಂಬಣ್ಣನವರು ಒಂದು ಬದಿಗೆ ಕೂತು ಅಂಗಳ ನೋಡುತ್ತಿದ್ದರು. ನನ್ನ ನಮಸ್ಕಾರಕ್ಕೆ ತಿರುಗಲಿಲ್ಲ. ಪ್ರವೀಣ ಅವರ ಹಿಂದೆ ನಿಂತಿದ್ದ. ಅಂಗಳದಲ್ಲಿ ಇಪ್ಪತ್ಮೂರು ಜನವೂ ಇದ್ದರು.

"ಈ ಹಂಗಾಮಿನಲ್ಲಿ ನಿಮ್ಮ ಕೈಕೆಳಗೆ ಇಲ್ಲಿ ಎಷ್ಟು ಜನ ಕೆಲಸ ಮಾಡಿದ್ದಾರೆ?" ಶೈಲಾ ಮೇಡಂ ಕೇಳಿದರು.

"ಹದಿನೆಂಟು ಮಂದಿ" ಅಂದೆ.

ಅಂದೇ ಬಿಟ್ಟೆ. ಅಂಗಳದಲ್ಲಿ ಹುಲುಗಮ್ಮ, "ಏನಂದ್ರು? ಏನಂದ್ರವ್ವ?" ಎಂದು ಪಕ್ಕದವಳನ್ನು ಕೇಳಿದ್ದು ಕೇಳಿಸಿತು. ಅವಳಿಗೆ ಕಿವಿ ಮಂದವಲ್ಲ. ಕೇಳಿಸಿದ್ದನ್ನು ನಂಬಲಿಲ್ಲ, ಅಷ್ಟೇ.

ಮೇಡಂ ಸಿಟ್ಟಾಗಲಿಲ್ಲ. "ಸರಿ. ಇಲ್ಲಿ ಇಪ್ಪತ್ಮೂರು ಜನ ಇದ್ದಾರೆ. ಒಬ್ಬೊಬ್ಬರನ್ನೇ ಕರೀತೀನಿ. ಮುಖ ನೋಡಿ ಹೇಳಿ, ಇವರು ಕೆಲಸ ಮಾಡಿದ್ದಾರಾ ಇಲ್ವಾ ಅಂತ. ಮಾಡದೇ ಇರೋ ಐದು ಜನ ಯಾರು ಅಂತ ನೀವೇ ತೋರಿಸಿ."

ಇದನ್ನು ಪ್ರವೀಣನೂ ಯೋಚಿಸಿರಲಿಲ್ಲ, ನಾನೂ ಯೋಚಿಸಿರಲಿಲ್ಲ. ಹದಿನೆಂಟು ಎಂಬುದು ಬಾಯಲ್ಲಿ ಹೇಳುವ ಸಂಖ್ಯೆ ಎಂದಷ್ಟೇ ತಿಳಿದಿದ್ದೆ.

ಹುಲುಗಮ್ಮ ಬಂದಳು. ಮಾಡ್ಯಾಳ್ರಿ ಅಂದೆ. ಗುಲ್ಜಾರ್ ಬೀ. ಮಾಡ್ಯಾಳ್ರಿ. ಚೀಲ ಹೊಲಿಯುವವರು, ಹಮಾಲರು, ಒಬ್ಬರಾದ ಮೇಲೊಬ್ಬರು ಬಂದು ನಿಂತು ಹೋದರು. ಕೊನೆಗೆ ಬಂದವರಿಗೆ ಇಲ್ಲ ಎಂದರಾಯಿತು ಎಂದು ಒಳಗೇ ಲೆಕ್ಕ ಹಾಕುತ್ತಿದ್ದೆ. ಮುಖ ನೋಡಿ ಎಂದಿದ್ದರೂ ನಾನು ನೋಡುತ್ತಿದ್ದುದು ಅವರ ಪಾದಗಳನ್ನು.

ಹದಿನೆಂಟು ಮುಗಿಯಿತು. ಆಮೇಲೆ ಕೊಟ್ರಬಸಮ್ಮನ ಹೆಸರು ಕರೆದರು.

ಗುಡೇಕೋಟೆಯಿಂದ ಮದುವೆಯಾಗಿ ಬಂದ ಹುಡುಗಿ. ಡಿಸೆಂಬರಿನಲ್ಲಿ ಕಾಯಿ ಒಡೆಯುವ ಯಂತ್ರದ ಬೆಲ್ಟಿಗೆ ಸಿಕ್ಕಿ ಎಡಗೈಯ ಒಂದು ಬೆರಳು ಅರ್ಧ ಹೋಗಿತ್ತು. ನಾನೇ ಬಟ್ಟೆ ಸುತ್ತಿ, ಆಸ್ಪತ್ರೆಯಲ್ಲಿ ಕುಡುಗೋಲು ತಾಗಿತೆಂದು ಹೇಳು, ಆಮೇಲೆ ಕೈ ಯಾರಿಗೂ ತೋರಿಸಬೇಡ ಎಂದು ಹೇಳಿಕೊಟ್ಟಿದ್ದೆ. ಹಾಗೆಯೇ ಹೇಳಿದ್ದಳು. ಈಗ ಆ ಕೈಯನ್ನು ಮೇಜಿನ ಮೇಲಿಟ್ಟಿದ್ದರೆ ಸಾಕಿತ್ತು, ನನ್ನ ಮಾತೇ ಬೇಕಿರಲಿಲ್ಲ. ಅವಳು ಕೈಯನ್ನು ಸೆರಗಿನೊಳಗೆ ಇಟ್ಟುಕೊಂಡೇ ನಿಂತಳು, ನಾನು ಹೇಳಿಕೊಟ್ಟಂತೆಯೇ. ಮುಖ ಎತ್ತಲಿಲ್ಲ. ನಾನು ಇಲ್ಲ ಎಂದರೆ ಸುಮ್ಮನೆ ಹಿಂದಕ್ಕೆ ಹೋಗುತ್ತಿದ್ದಳು.

"ಮಾಡ್ಯಾಳ್ರಿ" ಅಂದೆ. "ಬೆರಳು ಇಲ್ಲೇ ಹೋಗೇತ್ರಿ ಅಕೀದು."

ಮುಂದೆ ಓಬಮ್ಮ. ಮಾಡ್ಯಾಳ್ರಿ. ಪ್ರವೀಣ "ಏ!" ಎಂದು ಕೂಗಿದ. ನಾನು ಉಳಿದ ಮೂವರಿಗೂ ಹೌದು ಅಂದೆ.

"ಮೊದಲು ಹದಿನೆಂಟು ಅಂದಿರಲ್ಲ?"

"ಸುಳ್ಳು ಹೇಳಿದೆ ಮೇಡಂ."

"ಯಾಕೆ?"

ಪ್ರವೀಣನ ಹೆಸರು ಹೇಳಲಿಲ್ಲ. ಒಪ್ಪಿದವನು ನಾನೇ. ಫೈನಾನ್ಸಿನ ಸುದ್ದಿಯನ್ನೆಲ್ಲ ಹೇಳಿದೆ. ಸಾವ್ಕಾರ್ರು ಪೂರ್ತಿ ಕೊಟ್ಟಿದ್ದರು, ಕಳೆದವನು ನಾನು, ಕೇಳುವವರ ಮುಂದೆ ನಿಲ್ಲಲಾಗದೆ ಓಡಿಹೋದವನೂ ನಾನು ಅಂದೆ. ಹೇಳುತ್ತಿರುವಾಗಲೇ ಜಂಬಣ್ಣನವರು ಎದ್ದು ಒಳಗೆ ಹೋದರು.

ಹೊರಗೆ ಬಂದಾಗ ಯಾರೂ ನನ್ನ ಹತ್ತಿರ ಬರಲಿಲ್ಲ. ಕೊನೆಗೆ ನಿಜ ಹೇಳಿದೆನೆಂದು ಯಾರಾದರೂ ಒಂದು ಮಾತು ಆಡುತ್ತಾರೆ ಎಂದುಕೊಂಡಿದ್ದೆ. ಹಾಗೆ ಎಂದುಕೊಂಡದ್ದಕ್ಕೂ ಈಗ ನಾಚಿಕೆಯಾಗುತ್ತಿದೆ.

ಹದಿನೆಂಟರ ಮಾತು ನನಗಿಂತ ಮೊದಲೇ ಮನೆ ಮುಟ್ಟಿತ್ತು. ಗಂಗಾ ತಾಟು ಇಟ್ಟು ಹೊರಗೆ ಹೋಗಿ ಕಟ್ಟೆಯ ಮೇಲೆ ಕೂತಳು. ಇಂದು ಅಲ್ಲಿ ಬೇರೆ ಯಾರೂ ಇರಲಿಲ್ಲ.

5 ಏಪ್ರಿಲ್

ಜಂಬಣ್ಣನವರ ಮನೆಗೆ ಹೋದೆ. ಕಾಲು ಮುಟ್ಟಲು ಬಗ್ಗಿದರೆ ಕಾಲು ಹಿಂದಕ್ಕೆ ತೆಗೆದುಕೊಂಡರು.

"ಪ್ರವೀಣ ತೆಲಿಗಿಗೆ ಬಂದಿದ್ದು ಈಗ ಗೊತ್ತಾತು. ಅವನ ಹೆಸರು ಹೇಳಲಿಲ್ಲ ನೀನು. ಅದಕ ನಾನು ಸಮಾಧಾನ ಆಗ್ತೀನಿ ಅಂತ ತಿಳ್ಕೋಬ್ಯಾಡ."

"ಇಲ್ರಿ ಸಾವ್ಕಾರ್ರೆ."

"ಒಂದಸಲ ಕೊಟ್ಟೇನಿ. ಇನ್ನೊಂದಸಲ ಕೊಡ್ತೀನಿ. ಪಗಾರ ಹಂಚೂವಾಗ ಬಂದು ಕೂಡಬೇಕು ಅನ್ನೋದು ನನಗ ಗೊತ್ತಿತ್ತು ಸಿದ್ದ. ಸಿದ್ದ ಅದಾನಲ್ಲ ಅಂತ ಮನ್ಯಾಗ ಉಂಡು ಮಲಗಿದೆ. ನನ್ನ ತಪ್ಪಿಗೆ ನಾನು ಕೊಡ್ತೀನಿ. ನಿನ್ನದಕ್ಕ ನೀನು ಕೊಡು. ನಿನ್ನ ಕಡಿಂದ ವಸೂಲು ಮಾಡೇ ಮಾಡ್ತೀನಿ, ಬಿಡಂಗಿಲ್ಲ."

"ಬಿಡಬ್ಯಾಡ್ರಿ" ಅಂದೆ.

19 ಏಪ್ರಿಲ್

ಇಂದು ಮೇಡಂ ಎದುರು ಎಲ್ಲರಿಗೂ ಪಗಾರ ಮುಟ್ಟಿತು. ಜಂಬಣ್ಣನವರು ಕೊನೆಯವರೆಗೂ ಕೂತಿದ್ದರು. ನಾನು ತೂಕದ ಕಲ್ಲುಗಳ ಹತ್ತಿರ ನಿಂತಿದ್ದೆ. ಗುಲ್ಜಾರ್ ಬೀ ಹಣವನ್ನು ಕಣ್ಣಿಗೆ ಒತ್ತಿಕೊಂಡಳು. ಕೊಟ್ರಬಸಮ್ಮ ಎರಡೂ ಕೈ ಚಾಚಿ ತೆಗೆದುಕೊಂಡಳು. ಅವಳ ಬೆರಳಿಗೆ ಪರಿಹಾರವೆಂದು ಬೇರೆ ಅರ್ಜಿ ಬರೆಸಿದ್ದಾರೆ. ಅದಕ್ಕೂ ಬಂದು ಹೇಳಬೇಕೆಂದರು ಮೇಡಂ. ಹೂಂ ಅಂದೆ.

14 ಜೂನ್

ಕೂಡ್ಲಿಗಿ ರಸ್ತೆಯ ಜಾಗ ಮಾರಿದೆ, ಮೊಪೆಡ್ಡೂ ಹೋಯಿತು. ಎಲ್ಲ ಜಂಬಣ್ಣನವರಿಗೆ ಮುಟ್ಟಿಸಿದೆ. ಇನ್ನೂ ಅರ್ಧದಷ್ಟು ಬಾಕಿ. ಗುರುತಿನವರು ಇರುವುದಿಲ್ಲವೆಂದು ಹಡಗಲಿಯ ಕಡೆ ಚೀಲ ಹೊರಲು ಹೋಗಿದ್ದೆ. ಎರಡನೆಯ ದಿನವೇ ಒಬ್ಬ, "ಕೊಟ್ಟೂರಿನ ಆ ಮೇಸ್ತ್ರಿ ಅಲ್ಲೇನು?" ಎಂದ. ತಿರುಗಿ ಬಂದೆ.

4 ಡಿಸೆಂಬರ್, ಶನಿವಾರ

ಬಹಳ ದಿನದಿಂದ ಬರೆದಿಲ್ಲ. ಮೈಕೈ ನೋವು.

ಈ ಹಂಗಾಮಿಗೆ ಜಂಬಣ್ಣನವರು ಕರೆಸಿ, "ಹಮಾಲಿ ಕೆಲಸ ಮಾಡ್ತೀಯೇನು? ಬಾಕಿ ಅದರಾಗ ತೀರಿಸು" ಎಂದಿದ್ದರು. ಗುತ್ತಿಗೆ ಈಗ ಅರಸೀಕೆರೆಯ ಹುಲುಗಣ್ಣನದು. ಹಂಗಾಮಿನ ಕೊನೆಗೆಂದು ಯಾರದನ್ನೂ ಹಿಡಿದಿಡಬಾರದು, ಹದಿನೈದು ದಿನಕ್ಕೊಮ್ಮೆ ಪೂರ್ತಿ ಕೊಡಬೇಕು ಎಂದು ಮೊದಲೇ ಮಾತಾಗಿತ್ತು. ಇಂದು ಮೊದಲ ಪಗಾರ.

ಕೆಲಸ ಬಿಟ್ಟ ಮೇಲೆ ಎಲ್ಲರೂ ಅಂಗಳದಲ್ಲಿ ಸಾಲಾಗಿ ನಿಂತೆವು. ನನ್ನ ಮುಂದೆ ಹುಲುಗಮ್ಮ, ಹಿಂದೆ ಕೊಟ್ರಬಸಮ್ಮ. ಹುಲುಗಣ್ಣ ಬಂದು, "ಇವತ್ತು ಬ್ಯಾಂಕಿಗೆ ಹೋಗಾಕ ಆಗಲಿಲ್ಲ, ಸೋಮವಾರ ನೋಡೋಣ" ಎಂದ. ಒಳ್ಳೆಯ ಹುಡುಗ, ಮೋಸಗಾರನೇನಲ್ಲ. ಆ ಮಾತನ್ನು ನಾನು ಇದೇ ಅಂಗಳದಲ್ಲಿ ಎಷ್ಟು ಸಲ ಹೇಳಿದ್ದೇನೋ. ಆಗ ಎಲ್ಲರೂ ಚೀಲ ಹೆಗಲಿಗೆ ಹಾಕಿಕೊಂಡು ಸುಮ್ಮನೆ ಮನೆಗೆ ಹೋಗುತ್ತಿದ್ದರು.

ಇಂದು ಹೋಗಲಿಲ್ಲ. ಯಾರೋ, "ಸೋಮವಾರ ಗೀಮವಾರ ಇಲ್ಲ, ಮಾಲಕರನ್ನ ಕರೀರಿ, ಅವರ ಎದುರಿಗೆ ಹೇಳು" ಎಂದು ಕೂಗಿದರು. ಆಮೇಲೆ ಎಲ್ಲರೂ ಹಿಡಿದರು, ಮಾಲಕರು ಬರ್ಲಿ, ಬಂದು ಕೂಡ್ಲಿ ಎಂದು. ಪ್ರವೀಣ ಹೊರಗೆ ಬಂದು ನೋಡಿ ಒಳಗೆ ಹೋದ. ಸ್ವಲ್ಪ ಹೊತ್ತಿಗೆ ಜಂಬಣ್ಣನವರೇ ಬಂದು ಕುರ್ಚಿ ಹಾಕಿಸಿಕೊಂಡು ಕೂತರು. ಮನೆಯಿಂದ ಹಣ ತರಿಸಿ ಹುಲುಗಣ್ಣನ ಕೈಗೆ ಕೊಟ್ಟು, ತಮ್ಮೆದುರೇ ಹಂಚಿಸಿದರು. ನನ್ನ ಪಾಳಿ ಬಂದಾಗ ಕೈ ಚಾಚಿದೆ. ಅರ್ಧ ಅಲ್ಲೇ ಅವರ ಮುಂದಿಟ್ಟೆ. ಅವರು ಎಣಿಸಿ ತೆಗೆದುಕೊಂಡರು.

ಮನೆಗೆ ಬರುವಾಗ ಮುಂದೆ ಹೋಗುತ್ತಿದ್ದ ಹುಲುಗಮ್ಮ ತಿರುಗಿ ನಿಂತಳು. ಈಗ ಅವಳು ನನ್ನನ್ನು ನೀವು ಎನ್ನುವುದಿಲ್ಲ.

"ಬಾಯಿ ಜೋರೈತಲ್ಲೋ ಸಿದ್ದ ನಿಂದು."

"ನಾನೇನು ಅಂದೆ?"

"ಮದಲು ಕೂಗಿದಾವ ನೀನೇ ಅಲ್ಲೇನು?"

"ಅಲ್ಲವ್ವ, ಹಿಂದಿನವರು ಯಾರೋ ಇರಬೇಕು."

ಅವಳು ಕೊಟ್ರಬಸಮ್ಮನ ಮುಖ ನೋಡಿದಳು. ಇಬ್ಬರೂ ನಕ್ಕು ಮುಂದೆ ಹೋದರು.

ಮನೆಯಲ್ಲಿ ಗಂಗಾಳೂ ಅದನ್ನೇ ಕೇಳಿದಳು, ಮದಲು ಕೂಗಿದವರು ನೀವಂತ, ಹೌದೇನ್ರಿ ಎಂದು. ಇಲ್ಲ ಅಂದೆ. ನಾನು ಕೂಗಿದ ನೆನಪಿಲ್ಲ. ಹುಲುಗಣ್ಣ ಸೋಮವಾರ ಎಂದಾಗ ಮುಖ ಸುಟ್ಟ ಹಾಗಾಗಿ ತಲೆ ತಗ್ಗಿಸಿದೆನಲ್ಲ, ಅದಷ್ಟೇ ನೆನಪಿರುವುದು.